ಮುಂದಿನ ಸಾಲಿನವರ ಕಿವಿ

ರುದ್ರಸ್ವಾಮಿ ಮೇಷ್ಟ್ರು ಸತ್ತೇಗಾಲದ ಆಲೆಮನೆಯ ಹತ್ತಿರ ಬಸ್ಸಿಳಿದಾಗ ಮುತ್ತಯ್ಯ ಗಾಣಕ್ಕೆ ಕಬ್ಬು ಕೊಡುತ್ತಿದ್ದ. ಮೇಷ್ಟ್ರನ್ನು ಒಮ್ಮೆ ನೋಡಿ ಮತ್ತೆ ಕಬ್ಬಿನ ಕಡೆ ತಿರುಗಿದ. ಅವರಿಬ್ಬರೂ ಯಾವತ್ತೂ ಎದುರುಬದುರು ನಿಂತು ಮಾತಾಡಿದವರಲ್ಲ. ಹತ್ತು ವರ್ಷದ ಹಿಂದೆ ಒಬ್ಬರು ಬರೆದಿದ್ದರು, ಇನ್ನೊಬ್ಬ ಅದನ್ನು ಓದಿಸಿ ಕೇಳಿದ್ದ, ಅಷ್ಟೆ.

ಮೇಷ್ಟ್ರು ಮಾಂಬಳ್ಳಿಯ ಜಮೀನ್ದಾರರ ಮನೆಯವರು. ಐವತ್ತಾರರಲ್ಲಿ ಕೊಳ್ಳೇಗಾಲ ಮದರಾಸಿನಿಂದ ಬಿಡಿಸಿಕೊಂಡು ಮೈಸೂರಿಗೆ ಸೇರಿದ ಮೇಲೆ ಕೊಳ್ಳೇಗಾಲದ ಹೈಸ್ಕೂಲಿಗೆ ಕನ್ನಡ ಪಾಠ ಹೇಳಲು ಬಂದರು. ಸಂಜೆ ಬೇರೆ ಕೆಲಸವಿರಲಿಲ್ಲ. ಸುತ್ತಿನ ಊರುಗಳ ನಾಟಕ ನೋಡಿ ಮೈಸೂರಿನ ವಾರಪತ್ರಿಕೆಯೊಂದಕ್ಕೆ ಬರೆಯತೊಡಗಿದರು. ಹನೂರು, ಯಳಂದೂರು, ತಮಿಳು ಹಾಡಿನ ನಡುವೆ ಕನ್ನಡ ಮಾತು ಬರುವ ಮಾರ್ಟಳ್ಳಿ, ಎಲ್ಲಿ ತೆರೆ ಕಟ್ಟಿದರೂ ಮುಂದಿನ ಸಾಲಿನ ನಡುವೆ ಅವರಿಗೊಂದು ಕುರ್ಚಿ ಬೀಳುತ್ತಿತ್ತು. ಅವರು ಜೇಬಿನಿಂದ ಪುಸ್ತಕ ತೆಗೆದರೆ ಒಳಗೆ ಬಣ್ಣ ಹಚ್ಚಿಕೊಂಡವರು ಪರದೆ ಸರಿಸಿ ಇಣುಕುತ್ತಿದ್ದರು. ಕಿರುಚಾಟ, ಎದೆ ಬಡಿತ, ಬೆಳಗಿನ ಜಾವದವರೆಗೆ ಎಳೆಯುವ ಕಥೆ, ಇವು ಅವರಿಗೆ ಆಗುತ್ತಿರಲಿಲ್ಲ. ಆಗದ್ದನ್ನು ಮುಲಾಜಿಲ್ಲದೆ ಬರೆಯುತ್ತಿದ್ದರು.

ಯಳಂದೂರಿನ ಹಾರ್ಮೋನಿಯಂ ಮೇಷ್ಟ್ರು ಚಿಕ್ಕಮಾದಪ್ಪ ಹೋದ ವರ್ಷ ಹತ್ತು ಜನರ ಎದುರಿಗೆ ಅಂದುಬಿಟ್ಟಿದ್ದ: "ಅಡ್ಗೆಗೆ ಉಪ್ಪಿಲ್ಲ ಅನ್ನದು ಸುಲಭ ಕಣಿ ಮೇಷ್ಟ್ರೇ. ನೀವೂ ಒಂದ್ ಒಲೆ ಅಚ್ಚಿ ನೋಡಿ."

ಆ ಮಾತು ಒಳಗೆ ಕೂತಿತು. ತಾವೇ ಒಂದು ನಾಟಕ ಬರೆದರು. ಹೊಳೆಗೆ ಸೇತುವೆ ಬಂದು ಕೆಲಸ ಹೋದ ಹರಿಗೋಲಿನವನ ಕಥೆ. ಕೂಗಾಟವಿಲ್ಲ, ಹಾಡಿಲ್ಲ, ಎರಡೇ ಗಂಟೆ. ಕೊಳ್ಳೇಗಾಲದ ಗುಮಾಸ್ತರು, ಮೇಷ್ಟ್ರುಗಳು ಆರು ತಿಂಗಳು ತಾಲೀಮು ಮಾಡಿದರು. ಉಳಿದ ಪಾತ್ರಗಳು ಹೇಗೋ ನಡೆದವು. ಹರಿಗೋಲಿನವನ ಪಾತ್ರಕ್ಕೆ ಹಾಕಿದವರೆಲ್ಲ ಮರದ ಕೊರಡು. ಇದೊಂದನ್ನು ಸರಿಯಾಗಿ ಆಡಿಸದಿದ್ದರೆ ಹದಿನೈದು ವರ್ಷ ತಾವು ಬರೆದದ್ದೆಲ್ಲ ಕೈಲಾಗದವನ ಹೊಟ್ಟೆಯುರಿ ಆಗಿ ಉಳಿಯುತ್ತದೆ ಎಂಬುದು ಮೇಷ್ಟ್ರಿಗೆ ಗೊತ್ತಿತ್ತು. ಆಗ ನೆನಪಾದದ್ದು ಹತ್ತು ವರ್ಷದ ಹಿಂದೆ ರಂಗದ ಮೇಲೆ ಕಂಡಿದ್ದ ಮುತ್ತಯ್ಯನ ಮುಖ, ಬಾಯಿ ಮುಚ್ಚಿದ್ದಾಗ ಎಲ್ಲವನ್ನೂ ಹೇಳುತ್ತಿದ್ದ ಮುಖ.

"ಮುತ್ತಯ್ಯ, ಒಂದು ಮಾತಿತ್ತು."

"ಯೋಳಿ ಸಾ."

"ನನ್ನ ನಾಟಕದಲ್ಲಿ ನೀನು ಪಾರ್ಟು ಮಾಡಬೇಕು."

ಮುತ್ತಯ್ಯ ಕಬ್ಬಿನ ಜಲ್ಲೆ ಕೆಳಗಿಟ್ಟ. ಕೈಯನ್ನು ಪಂಚೆಗೆ ಒರೆಸಿಕೊಂಡು, ಕಾಲು ಅಗಲಿಸಿ, ನೆಟ್ಟಗೆ ನಿಂತು ಶುರುಮಾಡಿದ.

"ಸತ್ತೇಗಾಲದ ಕೆಳಗಿನ ಬೀದಿಯವರು ಆಡಿದ ಪುರಾಣ ನಾಟಕದಲ್ಲಿ ಸೋತ ರಾಜನ ಪಾತ್ರವಹಿಸಿದ ಮುತ್ತಯ್ಯ ಎಂಬಾತನು ರಾಜನೋ, ಹೊಲದಲ್ಲಿ ಹಂದಿ ಅಟ್ಟುವವನೋ ಎಂಬುದು ಕೊನೆಯವರೆಗೂ ತಿಳಿಯಲಿಲ್ಲ. ಗಂಟಲೇ ಅಭಿನಯವೆಂದು ನಂಬಿರುವ ಇಂಥವರು ರಂಗದಿಂದ ಇಳಿದರೆ ಕಲೆಗೂ ಕ್ಷೇಮ, ಮುಂದಿನ ಸಾಲಿನವರ ಕಿವಿಗೂ ಕ್ಷೇಮ."

ಒಂದಕ್ಷರ ಜಾರಲಿಲ್ಲ. ಓದು ಬಾರದ ನಾಲಗೆಯಲ್ಲಿ ಅಚ್ಚಿನ ಕನ್ನಡ ನೀರು ಹರಿದಂತೆ ಹರಿಯಿತು. ಒಲೆಗೆ ಸೋಗೆ ತುಂಬುತ್ತಿದ್ದವನು ನಕ್ಕ. "ಮುತ್ತಣ್ಣ ಮತ್ತೆ ಪಾರ್ಟ್ ಸುರು ಅಚ್ಕಂಡ ಕಣ್ರಲಾ!"

"ಸರಿಯಾಗಿ ಅದಾ ಸಾ?" ಎಂದ ಮುತ್ತಯ್ಯ. ದನಿಯಲ್ಲಿ ಸಿಟ್ಟಿರಲಿಲ್ಲ. ಪಾಠ ಒಪ್ಪಿಸಿದವನ ಹಾಗೆ ಕೇಳಿದ. "ಟೀ ಅಂಗ್ಡೀಲಿ ಯಜಮಾನ್ರು ಪುಟ್ಟಮಾದಪ್ನೋರು ಮೂರ್ ಕಿತ ಓದುದ್ರು. ನಂಗ ಮೂರ್ ಕಿತ ಕೇಳುದ್ರೆ ಕೂತ್ಕಬುಡ್ತದೆ. ಪಾರ್ಟೂ ಅಂಗೇ ಕಲ್ತದ್ದು."

ಮೇಷ್ಟ್ರಿಗೆ ಹಂದಿಯ ಮಾತು ಬರೆದಾಗ ಒಳ್ಳೆಯ ವಾಕ್ಯವೆಂದು ತಾವೇ ಮೆಚ್ಚಿಕೊಂಡದ್ದು ನೆನಪಾಯಿತು.

"ಆವತ್ತಿಂದ ಬಣ್ಣ ಅಚ್ಚಿಲ್ಲ," ಎಂದ ಮುತ್ತಯ್ಯ. "ಇಳೀ ಅಂದೋರೇ ಈಗ ಏರು ಅಂತಿದೀರಿ. ಏರ್ತೀನಿ. ಆದ್ರ ಸರಿಯಾಗಿ ಆಡದು ಎಂಗೆ ಅಂತ ಕಲ್ಸಿಕೊಡ್ಬೇಕು."

ನಾಟಕವನ್ನು ಸತ್ತೇಗಾಲದಲ್ಲೇ ಆಡುವುದೆಂದಾಯಿತು, ಊರ ಸ್ಕೂಲಿನ ಕೋಣೆಯಲ್ಲಿ ತಾಲೀಮು ನಡೆಯಿತು. ಮೇಷ್ಟ್ರು ಮೂರು ಸಲ ಓದುವರು, ಮುತ್ತಯ್ಯ ಕಣ್ಣು ಮುಚ್ಚಿ ಕೇಳುವನು. ನಾಲ್ಕನೆಯ ಸಲ ಮಾತು ಅವನದೇ ಆಗಿರುತ್ತಿತ್ತು. ಹದಿನೈದು ದಿನಕ್ಕೆ ಇಡೀ ಪಾತ್ರ ಬಾಯಿಗೆ ಬಂತು. ದನಿ ಮಾತ್ರ ಎಷ್ಟು ತಗ್ಗಿತ್ತೆಂದರೆ, ಮಗುವಿನ ತೊಟ್ಟಿಲ ಪಕ್ಕ ಕೂತವನು ಮಾತಾಡಿದ ಹಾಗೆ. ಕೊನೆಯ ದೃಶ್ಯದಲ್ಲಿ ಹರಿಗೋಲಿನವನು ಹೊಳೆ ಪಾಲಾದ ಮಗನಿಗೆ ಹೇಳಬೇಕು: "ನೀರು ಇಳಿದಷ್ಟೂ ದಡ ದೂರ ಹೋಯ್ತದೆ ಮಗ. ನಾನು ಎಲ್ಲಿಗಂತ ಬರಲಿ?" ಮುತ್ತಯ್ಯ ಹಾಗೆಂದಾಗ ಜೊತೆಯ ಗುಮಾಸ್ತನೊಬ್ಬ ಮುಖ ತಿರುಗಿಸಿಕೊಂಡು ಕಣ್ಣೊರೆಸಿಕೊಂಡ. ಮೇಷ್ಟ್ರ ಮೈ ಜುಮ್ಮೆಂದಿತು. ತಾವು ಇಷ್ಟು ವರ್ಷ ಬೇಕೆಂದು ಕೇಳಿದ್ದು ಇದನ್ನೇ, ಇನ್ನೇನನ್ನೂ ಅಲ್ಲ.

"ಜಾಸ್ತಿ ಆಯ್ತಾ ಸಾ?" ಮುತ್ತಯ್ಯ ಪ್ರತಿ ಸಲವೂ ಕೇಳುತ್ತಿದ್ದ. "ಕಿವಿಗೆ ಒಡೀತದಾ?"

"ಇಲ್ಲ, ಇಲ್ಲ. ಇನ್ನೂ ಸ್ವಲ್ಪ ತಗ್ಗಿದರೂ ಚಿಂತೆಯಿಲ್ಲ."

ಊರ ಯಜಮಾನ ಪುಟ್ಟಮಾದಪ್ಪ ಚಪ್ಪರದ ಹೊಣೆ ಹೊತ್ತಿದ್ದ. ಒಂದು ದಿನ ಬಾಗಿಲಲ್ಲಿ ನಿಂತು, "ಮೈಕ್‌ಸೆಟ್ ತರ್ಸನಾ ಮೇಷ್ಟ್ರೇ?" ಎಂದ.

"ಬೇಡಿ. ಮೈಕಿನ ಮುಂದೆ ಕೂಗುವ ನಾಟಕ ಅಲ್ಲ ಇದು."

"ಕುರ್ಚಿ ಗಿರ್ಚಿ ಎಲ್ಲ ಎಂದಿನಂಗೇ ಆಕುಸ್ಲಾ?"

ಮೇಷ್ಟ್ರು ಹಸ್ತಪ್ರತಿಯಿಂದ ತಲೆಯೆತ್ತಲಿಲ್ಲ. "ಹಾಕಿಸಿ," ಎಂದರು.

ಎಪ್ಪತ್ತೊಂದರ ಮಾಘ ಕಳೆದ ಮೇಲೆ, ಸಂಜೆ ಆರು ಗಂಟೆಗೆ ನಾಟಕ. ಕತ್ತಲಾಗುವ ಮುಂಚೆ ನಾಟಕ ಶುರುವಾಗುವುದನ್ನು ಆ ಊರು ಕಂಡಿರಲಿಲ್ಲ. ಕೆಲಸದಿಂದ ನೇರವಾಗಿ ಬಂದವರ ಕೈಯಲ್ಲಿ ಇನ್ನೂ ಕುಡುಗೋಲಿತ್ತು. ಮುಂದೆ ಎರಡು ಸಾಲು ಕುರ್ಚಿ. ಹೆಡ್ಮಾಸ್ಟರು, ತಾಲೂಕು ಆಫೀಸಿನವರು, ಬಾಯಲ್ಲಿ ವೀಳ್ಯ ತುಂಬಿಕೊಂಡ ಚಿಕ್ಕಮಾದಪ್ಪ. ಅವರ ಹಿಂದೆ ಜಮಖಾನದ ಮೇಲೆ ಮೇಲಿನ ಬೀದಿಯವರು. ಅದರ ಹಿಂದೆ ಒಂದಷ್ಟು ಖಾಲಿ ನೆಲ. ಅದರಾಚೆ, ಹುಣಸೆಮರ ದಾಟಿ, ಕೆಳಗಿನ ಬೀದಿಯವರು.

ಮೊದಲ ಅಂಕ ಮುಗಿಯುವಷ್ಟರಲ್ಲಿ ಕುರ್ಚಿಗಳು ಅಲ್ಲಾಡದೆ ಕೂತಿದ್ದವು. ಚಿಕ್ಕಮಾದಪ್ಪ ಅಗಿಯುವುದನ್ನು ನಿಲ್ಲಿಸಿದ್ದ. ಪರದೆಯ ಪಕ್ಕದಿಂದ ಅದನ್ನು ನೋಡಿ ಮೇಷ್ಟ್ರ ಎದೆ ತುಂಬಿತು.

ಆಗ ಮರದ ಕಡೆಯಿಂದ ಒಂದು ಕೂಗು ಬಂತು. "ಕೇಳ್ಸಾಕಿಲ್ಲ ಕಣಣ್ಣೋ! ಗಂಟ್ಲು ಬುಡು!"

ಇನ್ನೊಬ್ಬ: "ಮುತ್ತಣ್ಣ ಗಾಣುಕ್ಕೆ ಗಂಟ್ಲೂ ಕೊಟ್ಬುಟ್ಟವ್ನೆ!"

ನಗೆ ಎದ್ದಿತು. ಯಜಮಾನ ಎದ್ದು ನಿಂತು, "ಉಸ್, ಬಾಯ್ ಮುಚ್ರಲಾ!" ಎಂದ. ಮುತ್ತಯ್ಯನ ಕಣ್ಣು ಒಂದು ಗಳಿಗೆ ಪರದೆಯತ್ತ ಹೊರಳಿತು. ಮೇಷ್ಟ್ರು ಹಾಗೇ ನಡೆಯಲಿ ಎಂದು ಕೈ ಮಾಡಿದರು. ಮಾಡಿದ ಮೇಲೆ ಸಮಾಧಾನವಾಗದೆ, ಚಪ್ಪರದ ಹೊರಗಿನಿಂದ ಬಳಸಿಕೊಂಡು ಹಿಂದಕ್ಕೆ ನಡೆದರು.

ಹದಿನೈದು ವರ್ಷದಲ್ಲಿ ಅವರು ಯಾವ ನಾಟಕವನ್ನೂ ಅಲ್ಲಿಂದ ನೋಡಿರಲಿಲ್ಲ. ಹುಣಸೆಮರದಾಚೆ ನಿಂತು ತಿರುಗಿದರೆ ರಂಗ ಒಂದು ಲಾಟೀನಿನಷ್ಟಿತ್ತು. ಅದರೊಳಗೆ ಒಬ್ಬ ಮನುಷ್ಯ ಬಾಯಿ ತೆರೆದು ಮುಚ್ಚುತ್ತಿದ್ದ. ಕೇಳುತ್ತಿದ್ದುದು ಹೊಳೆಯ ಗಾಳಿಗೆ ಆಡುವ ತೆಂಗಿನ ಗರಿ ಮಾತ್ರ. ಹತ್ತು ವರ್ಷದ ಹಿಂದೆಯೂ ಈ ಜನ ಇಲ್ಲೇ ಕೂತಿದ್ದರು. ನಾಟಕ ಅವರ ಬೀದಿಯದು, ಖರ್ಚು ಅವರದು, ಬಣ್ಣ ಹಚ್ಚಿದವರು ಅವರ ಮಕ್ಕಳು. ಕುರ್ಚಿ ಮಾತ್ರ ಬೇರೆಯವರಿಗೆ.

ಮರದ ಬುಡದಲ್ಲಿ ಕೂತಿದ್ದ ಮುತ್ತಯ್ಯನ ಹೆಂಡತಿ ಶಿವನಂಜಮ್ಮ ಅವರ ಗುರುತು ಹಿಡಿದು ಎದ್ದಳು. "ಆಗ, ರಾಜನ ಪಾರ್ಟ್ ಮಾಡ್ದಾಗ, ಇಲ್ಲೀಗಂಟ ಕೇಳ್ತಿತ್ತು ಸಾ," ಎಂದಳು. "ಅತ್ತೆಗ ಕಣ್ ಕಾಣ್ತಿರ್ನಿಲ್ಲ. ಇಲ್ಲೇ ಮನೀಕಂಡು ಅಷ್ಟನ್ನೂ ಕೇಳುದ್ರು."

ಮೇಷ್ಟ್ರು ಹೆಚ್ಚುಕಡಿಮೆ ಓಡಿ ಬಂದರು. ಕೊನೆಯ ದೃಶ್ಯ ನಡೆಯುತ್ತಿತ್ತು. ಪರದೆಯ ಪಕ್ಕ ನಿಂತು ಎರಡೂ ಕೈ ಮೇಲಕ್ಕೆತ್ತಿ, ಜೋರು, ಜೋರು ಎಂದು ಸನ್ನೆ ಮಾಡಿದರು. ಮುತ್ತಯ್ಯನಿಗೆ ನಂಬಿಕೆ ಬರಲಿಲ್ಲ. ಅವರು ಮತ್ತೆ ಎತ್ತಿದರು. ಅವನು ಕಾಲು ಅಗಲಿಸಿದ, ಎದೆ ತುಂಬ ಉಸಿರೆಳೆದುಕೊಂಡ, ಹುಣಸೆಮರದ ಕಡೆ ಮುಖ ಮಾಡಿದ.

"ನೀರು ಇಳಿದಷ್ಟೂ..."

ಗಂಟಲು ಒಡೆಯಿತು. ಒಣಗಿದ ತಿದಿಯಿಂದ ಬಂದ ಹಾಗೆ ಒಂದು ಸೀಳು ಗಾಳಿ ಬಂತು. ಮತ್ತೆ ಪ್ರಯತ್ನಿಸಿದ, ಕೆಮ್ಮು ಬಂತು. ಹತ್ತು ವರ್ಷ ಒಂದು ಪದ್ಯವನ್ನೂ ಹಾಡದ ಗಂಟಲು. ಮುಂದಿನ ಸಾಲಿನಲ್ಲಿ ಯಾರೋ ಕಿಸಕ್ಕೆಂದರು. ಹಿಂದೆ ಜನ ಏಳತೊಡಗಿದರು. ಯಾರೂ ಕೂಗಲಿಲ್ಲ, ಬಯ್ಯಲಿಲ್ಲ. ಕುಡುಗೋಲು, ಬುತ್ತಿ, ಮಲಗಿದ್ದ ಕೂಸುಗಳನ್ನು ಎತ್ತಿಕೊಂಡು ಹೊರಟರು. ಮರದ ಬುಡದಲ್ಲಿ ಶಿವನಂಜಮ್ಮ ಒಬ್ಬಳೇ ಉಳಿದಳು. ಕಡೆಯ ಮಾತನ್ನು ಮುತ್ತಯ್ಯ ಯಾರಿಗೆ ಹೇಳಿದನೋ, ಪರದೆ ಹತ್ತಿರ ನಿಂತಿದ್ದ ಮೇಷ್ಟ್ರಿಗೂ ಕೇಳಲಿಲ್ಲ.

ಚಿಕ್ಕಮಾದಪ್ಪ ಹೋಗುವಾಗ ಛೇಡಿಸಲಿಲ್ಲ. "ಉಪ್ಪು ಸರಿಯಾಗಿತ್ತು ಕಣಿ," ಎಂದಷ್ಟೇ ಅಂದು ಬಸ್ಸಿನ ಕಡೆ ನಡೆದ.

ಮುಂದಿನ ಭಾನುವಾರ ಮೇಷ್ಟ್ರು ಕೆಳಗಿನ ಬೀದಿಗೆ ಹೋದರು. ತಮ್ಮ ನಾಟಕದ ವಿಮರ್ಶೆಯನ್ನು ತಾವೇ ಬರೆದಿದ್ದರು. ಪತ್ರಿಕೆಗೆ ಕಳಿಸುವ ಮುಂಚೆ ಮುತ್ತಯ್ಯನಿಗೆ ಓದಬೇಕೆನಿಸಿತ್ತು. ಶಿವನಂಜಮ್ಮ ಜಗಲಿಯ ಮೇಲೆ ಚಾಪೆ ಹಾಸಿದಳು. ಮುತ್ತಯ್ಯನ ಕೊರಳಿಗೆ ಬಟ್ಟೆ ಸುತ್ತಿತ್ತು. ಪಿಸುದನಿಯಲ್ಲಿ, "ಓದಿ ಸಾ," ಎಂದ.

ಓದಿದರು. ಸಂಭಾಷಣೆ ಉದ್ದವಾಯಿತು, ಬೆಳಕು ಸಾಲಲಿಲ್ಲ, ಎಲ್ಲರೂ ಕೂಡಿದ ತಾಲೀಮು ಕಡಿಮೆಯಾಯಿತು. ಯಾವುದನ್ನೂ ಮುಚ್ಚಿಟ್ಟಿರಲಿಲ್ಲ. "ಮುತ್ತಯ್ಯನವರ ಅಭಿನಯ ಅಪರೂಪದ್ದು, ಆದರೆ ಧ್ವನಿ ಹಿಂದಿನವರಿಗೆ ತಲುಪಲಿಲ್ಲ. ದೋಷ ನಿರ್ದೇಶಕನದು." ಅಲ್ಲಿಗೆ ಮುಗಿದಿತ್ತು.

ಮೊರದಲ್ಲಿ ರಾಗಿ ಕೇರುತ್ತಿದ್ದ ಶಿವನಂಜಮ್ಮ ಕೈ ನಿಲ್ಲಿಸಿದಳು. "ಹಿಂದ್ಲೋರು ಅಂದ್ರೆ ಯಾರು ಅಂತ ಬರ್ದಿದೀರಾ ಸಾ? ಯಾಕ ಅಷ್ಟು ಹಿಂದ ಕೂತಿದ್ರು ಅಂತ?"

ಮೇಷ್ಟ್ರು ಕಾಗದ ನೋಡಿದರು. ಅದು ಇರಲಿಲ್ಲ. ಕುರ್ಚಿ ಹಾಕಿಸಿ ಎಂದವರು ಯಾರು ಎಂಬುದೂ ಇರಲಿಲ್ಲ. ಜೇಬಿನಲ್ಲಿ ಪೆನ್ನಿತ್ತು. ತೆಗೆದು, ಮುಚ್ಚಳ ಬಿಚ್ಚಿ, ಕಾಗದದ ಮೇಲೆ ಹಿಡಿದರು. ಪುಟ್ಟಮಾದಪ್ಪನ ಮುಖ, ಮಾಂಬಳ್ಳಿಯ ತಮ್ಮ ಮನೆಯ ಜಗಲಿ, ಅಲ್ಲಿ ಯಾರು ಎಲ್ಲಿ ನಿಲ್ಲುತ್ತಿದ್ದರೆಂಬುದು ಕಣ್ಣ ಮುಂದೆ ಬಂತು. ಪೆನ್ನಿನ ಮುಚ್ಚಳ ಮತ್ತೆ ಹಾಕಿದರು.

"ಇನ್ನೆಲ್ಡ್ ಕಿತ ಓದಿ ಸಾ," ಎಂದ ಮುತ್ತಯ್ಯ.

"ಬ್ಯಾಡಿ ಸಾ," ಎಂದಳು ಶಿವನಂಜಮ್ಮ. "ಇದೂ ಕೂತ್ಕಬುಡ್ತದೆ. ಮೊದಲ್ನೇದ್ನೇ ಹತ್ ವರ್ಸ ಒತ್ಕಂಡು ತಿರುಗ್ದ."

"ಓದ್ಲಿ ಬುಡು."

ಅವಳು ಮೊರ ಎತ್ತಿಕೊಂಡು ಹೊರಗೆ ಬಿಸಿಲಿಗೆ ಹೋದಳು. ಮೇಷ್ಟ್ರು ಮೊದಲಿಂದ ಓದತೊಡಗಿದರು. ಎರಡನೆಯ ವಾಕ್ಯಕ್ಕೆ ಬರುವಷ್ಟರಲ್ಲಿ ಮುತ್ತಯ್ಯ ಕಣ್ಣು ಮುಚ್ಚಿದ್ದ. ಅವನ ತುಟಿ ಆಡುತ್ತಿತ್ತು.