ಅರ್ಜಿಯಲ್ಲಿ ಸತ್ತವನು

ಅದಿರಿಗೆ ಬೆಲೆಯಿದ್ದಷ್ಟು ದಿನ ಹನುಮೇಶ ಯಾರ ಮಾತಿಗೂ ಸೊಪ್ಪು ಹಾಕಿದವನಲ್ಲ. ಹೆಂಡತಿ ಭೀಮಮ್ಮನಿಗೆ ತವರಿನಿಂದ ಬಂದಿದ್ದ ಚಿತ್ತವಾಡ್ಗಿಯ ಮನೆಯನ್ನು ಬ್ಯಾಂಕಿಗೆ ಒತ್ತೆಯಿಟ್ಟು, ಅವಳ ಹೆಸರಿನಲ್ಲೇ ಸಾಲ ಎತ್ತಿ ಟಿಪ್ಪರ್ ತಂದ. ಸಂಡೂರಿನಿಂದ ಅದಿರು ಹೊಡೆದದ್ದೇ ಹೊಡೆದದ್ದು. ಎರಡು ಸಾವಿರದ ಎಂಟರಲ್ಲಿ ಬೆಲೆ ನೆಲಕಚ್ಚಿತು. ಟಿಪ್ಪರ್ ಗಾದಿಗನೂರಿನ ರಸ್ತೆ ಬದಿಗೆ ನಿಂತಿತು, ಕಂತೂ ನಿಂತಿತು. ಮನೆ ಹರಾಜು ಹಾಕುತ್ತೇವೆಂದು ಬ್ಯಾಂಕಿನವರು ಬಾಗಿಲಿಗೆ ನೋಟಿಸು ಅಂಟಿಸಿ ಹೋದರು.

ಸಾಲದಲ್ಲಿ ರಿಯಾಯಿತಿ ಕೇಳಿ ಧಾರವಾಡದ ಹೈಕೋರ್ಟಿಗೆ ಹೋಗುವುದು ಆಗ ಟಿಪ್ಪರಿನವರೆಲ್ಲ ಹಿಡಿದ ದಾರಿ. ವಕೀಲ ಪ್ರಾಣೇಶರ ಕಚೇರಿಯಲ್ಲಿ ಅಂಥ ಅರ್ಜಿಗಳನ್ನು ಇಡ್ಲಿಯಂತೆ ಒಂದೇ ಅಚ್ಚಿನಲ್ಲಿ ಬೇಯಿಸುತ್ತಿದ್ದರು. ಹಳೆಯದೊಂದನ್ನು ಕಂಪ್ಯೂಟರಿನಲ್ಲಿ ತೆರೆದು ಹೆಸರು, ಊರು, ಮೊತ್ತ ಬದಲಿಸಿದರೆ ಮುಗಿಯಿತು. ಭೀಮಮ್ಮನ ಪಾಲಿಗೆ ಬಂದದ್ದು ಕಂಪ್ಲಿಯ ವಿಧವೆಯೊಬ್ಬಳ ಅರ್ಜಿ. ಗಂಡ ಅಪಘಾತದಲ್ಲಿ ತೀರಿಹೋದನೆಂಬ ಸಾಲು ಹಾಗೇ ಉಳಿದುಬಿಟ್ಟಿತು.

ಆದೇಶ ಬಂದ ಮೇಲೆ ಅದರ ಅರ್ಥ ಹೇಳುವಾಗಲೇ ವಕೀಲರ ನಾಲಗೆ ತಡವರಿಸಿತು. ಗಂಡನನ್ನು ಕಳೆದುಕೊಂಡವಳು, ಸಹಾನುಭೂತಿಯಿಂದ ನೋಡಿ ಎಂದು ಕೋರ್ಟು ಹೇಳಿತ್ತು. ಟಿಪ್ಪರ್ ಮಾರಿ ಅಸಲು ಕಟ್ಟಿದರೆ ಸಾಕು, ಬಡ್ಡಿ ಬಿಡುತ್ತೇವೆಂದು ಬ್ಯಾಂಕೂ ಒಪ್ಪಿತ್ತು. ತಪ್ಪು ತಿದ್ದಿಸಹೊರಟರೆ ಮತ್ತೆ ಮೊದಲಿನಿಂದ ಶುರು, ಅಷ್ಟರಲ್ಲಿ ಮನೆ ಇರುವುದಿಲ್ಲ ಎಂದು ವಕೀಲರು ತಲೆ ಮೇಲೆ ಕೈಹೊತ್ತು ಕೂತರು. ಹನುಮೇಶ ಬಾಯಿಗೆ ಬೀಗ ಹಾಕಿಕೊಂಡ. ಸಹಿ ಹಾಕುವುದು ಬಿಟ್ಟರೆ ಓದಲು ಬಾರದ ಹೆಂಡತಿಗೂ ಹೇಳಲಿಲ್ಲ. ಬದುಕಿರುವ ಗಂಡಸು ಹೆಂಡತಿಯ ಕುಂಕುಮ ಮಾರಿ ಮನೆ ಬಿಡಿಸಿಕೊಳ್ಳುವುದೇ ಎಂದು ತನ್ನ ಮೇಲೆ ತನಗೇ ಹೇಸಿಗೆಯಾಯಿತು. ಆದರೂ ಹೇಳಲಿಲ್ಲ.

ರಾಜಿಪತ್ರಕ್ಕೆ ಸಹಿ ಹಾಕುವ ದಿನ ಭೀಮಮ್ಮ ಕೈತುಂಬ ಬಳೆ ತೊಟ್ಟು, ಹಣೆಗೆ ಕಾಸಗಲ ಕುಂಕುಮವಿಟ್ಟು ಹೊರಟಳು. ಒಳ್ಳೆಯ ಕೆಲಸಕ್ಕೆ ಮತ್ತೆ ಹೇಗೆ ಹೋಗಬೇಕು? ಹೊಸದಾಗಿ ವರ್ಗವಾಗಿ ಬಂದಿದ್ದ ಮ್ಯಾನೇಜರ್ ವಿದ್ಯಾಧೀಶರು ಅವಳ ಹಣೆ ನೋಡಿದರು, ಕಾಗದ ನೋಡಿದರು, ಪಕ್ಕದಲ್ಲಿ ಕೂತವನನ್ನೂ ನೋಡಿದರು.

“ನಿಮ್ಮ ಯಜಮಾನ್ರು ತೀರಿಕೊಂಡಾರ ಅಂತ ಇಲ್ಲಿ ಬರದಾರಲ್ರಿ. ಇವರು ಯಾರು?”

ಭೀಮಮ್ಮ ಬೆಚ್ಚಿ ಗಂಡನ ಕಡೆ ತಿರುಗಿದಳು. ಆಗಲಾದರೂ ಅವನು ನಿಜ ಹೇಳಬಹುದಿತ್ತು.

“ನಾನು ಅಕಿ ಅಣ್ಣರಿ,” ಅಂದ ಹನುಮೇಶ, ನೆಲ ನೋಡುತ್ತ.

ಭೀಮಮ್ಮ ಸೆರಗಿನ ತುದಿಯಿಂದ ಹಣೆ ಒರೆಸಿಕೊಂಡಳು. ಮ್ಯಾನೇಜರ್ ಬೆರಳಿಟ್ಟು ತೋರಿಸಿದ ಕಡೆಯಲ್ಲೆಲ್ಲ ಸಹಿ ಹಾಕಿದಳು.

ಹೊರಗೆ ಬಂದು ಹನುಮೇಶ ಬೈಕು ಚಾಲು ಮಾಡಿ ಅವಳು ಹತ್ತಲೆಂದು ಕಾದ. ಅವಳು ಚಿತ್ತವಾಡ್ಗಿಯ ಆಟೋಕ್ಕೆ ಕೈ ಮಾಡಿದಳು.

“ಮನಿ ಉಳೀತು ತಗೋರಿ,” ಅಂದಳು, ಆಟೋ ಹತ್ತುತ್ತ. “ಗಂಡ ಸತ್ತಾನ. ನನಗ ಅಣ್ಣ ಅಂತೂ ಯಾರೂ ಇಲ್ಲ. ನೀವು ಇನ್ನ ಯಾರ ಮನಿಗೆ ಬರ್ತೀರಿ?”