ಕೆಂಪು ಹೋಗುವ ಹೊತ್ತು

ಮಿಂಚಿದ್ದು ಯಾರದೋ ಅಂಗಿಯ ಗುಂಡಿ ಇರಬೇಕು, ಗೋಡೆ ಪಕ್ಕದ ಬೆಂಚಿನಲ್ಲಿ, ಮಿಂಚಿ ಆರಿಯೇ ಹೋಯಿತು, ಅಂದರೆ ಬಿಸಿಲು ಎದುರುಮನೆಯ ತಾರಸಿ ದಾಟಿದೆ, ಇನ್ನು ತಡವಿಲ್ಲ — ಕಣ್ಣಜ್ಜಿ ಕುರ್ಚಿಯಲ್ಲಿ ಬೆನ್ನು ನೆಟ್ಟಗೆ ಮಾಡಿದಳು, ಕೆಮ್ಮುವವರು ಈಗಲೇ ಕೆಮ್ಮಿ ಮುಗಿಸಲಿ, ಆಮೇಲೆ ಪಿಟ್ಟೆನ್ನಬಾರದು. ಕಣ್ಣಜ್ಜಿ! ತಲೆಯಲ್ಲಿ ಒಂದು ಬಿಳಿಕೂದಲಿಲ್ಲದ ಕಾಲಕ್ಕೇ ಅಜ್ಜಿ ಅಂದರು, ಅದು ಕಣ್ಣಿಗೆ ಕೊಟ್ಟ ಮರ್ಯಾದೆ, ವಯಸ್ಸಿಗಲ್ಲ, ಕೊಟ್ಟ ಮರ್ಯಾದೆಯನ್ನು ಬೇಡ ಅನ್ನುವಷ್ಟು ಪೆದ್ದಿಯಲ್ಲ ಅವಳು. ಬಿಳಿ ಗೋಡೆ, ಒಂದೇ ಕಿಟಕಿ, ಕಿಟಕಿಯ ಕಟ್ಟೆಯ ಮೇಲೆ ಬಟ್ಟೆಯ ಚೂರುಗಳು, ಹಳದಿ, ಹಸಿರು, ನೀಲಿ, ಎಲ್ಲಕ್ಕಿಂತ ಮುಂದೆ ಕೆಂಪು — ಮಗಳ ಮೊದಲ ಫ್ರಾಕಿನ ಅಂಚು ಅದು, ಗಿಡ್ಡವಾದ ಮೇಲೆ ತಾನೇ ಕತ್ತರಿಸಿ ಇಲ್ಲಿಗೆ ತಂದದ್ದು. ಕೆಂಪೇ ಮೊದಲು ಹೋಗುವುದು, ನೀಲಿ ಕೊನೆಗೆ, ಕೆಂಪು ಕಪ್ಪಾಗಿ ಕಣ್ಣಿಂದ ಜಾರಿದ ಗಳಿಗೆಗೆ ಕುರ್ಚಿಯಲ್ಲಿ ಕೂತವಳು, ಹೋಯಿತು, ಅನ್ನಬೇಕು, ಹಾಗೇ ಒಂದೊಂದಾಗಿ, ನೀಲಿಯೂ ಹೋದ ಮೇಲೆ ದೀಪ. ಕತ್ತಲಾಯಿತು ಅನ್ನುವುದಕ್ಕೂ ಒಂದು ಪೀಠ ಬೇಕೇ ಎಂದು ಬೀದಿಯವರು ನಕ್ಕರು, ನಗಲಿ, ನಗುವವರ ಮುಂದೆ ಎಡವಿ ಬೀಳುವ ಪೈಕಿಯಲ್ಲ ಅವಳು. ಅಪ್ಪ ಗೋಡೆಗೆ ಬಣ್ಣ ಬಳಿಯುತ್ತಿದ್ದ, ಈ ಮತವನ್ನು ಕಟ್ಟಿದ್ದೇ ಏಣಿಯ ಮೇಲೆ ನಿಂತು, ಬಣ್ಣ ಡಬ್ಬೀಲಿಲ್ಲ ಕಣೇ, ಬೆಳಕು ಮನೆಗೆ ಬಂದ ನೆಂಟ, ಬಣ್ಣ ಅದು ಆಡೋ ಮಾತು, ನೆಂಟ ಎದ್ದು ಹೋದ ಮೇಲೂ ಮಾತು ಕೇಳಿಸ್ತಿದೆ ಅಂದ್ರೆ ಆಡ್ತಿರೋಳು ನೀನೇ. ನೆನಪಿನಿಂದ ನೋಡಬಾರದು, ಈ ಮತದಲ್ಲಿ ಇರುವುದು ಅದೊಂದೇ ಪಾಪ, ಅನುಮಾನ ಬಂತಾ, ಕಣ್ಣು ಮುಚ್ಚು, ಮುಚ್ಚಿದ್ರೂ ಬಣ್ಣ ಹಾಗೇ ಇದ್ಯಾ, ಹಾಗಾದ್ರೆ ಅದು ಬಟ್ಟೇದಲ್ಲ, ನಿಂದು — ಏಣಿಯ ಕೆಳಗೆ ಬಕೆಟ್ಟು ಹಿಡಿದು ನಿಂತು ಕೇಳಿದ ಮಾತು, ಮೂಗಿಗೆ ಇನ್ನೂ ಸುಣ್ಣದ ವಾಸನೆ.

ಕೆಂಪು ಇದೆ. ಪಕ್ಕದ ಸ್ಟೂಲಿನಲ್ಲಿ ಮಗಳಿದ್ದಾಳೆ, ಕನ್ನಡಕದ ಅಂಗಡಿಯಿಂದ ನೇರವಾಗಿ ಬಂದವಳು, ಕೈಚೀಲ ತೊಡೆಯ ಮೇಲೆ, ದಿನವಿಡೀ ಕಂಡಕಂಡವರನ್ನೆಲ್ಲ ಈ ಅಕ್ಷರ ಕಾಣುತ್ತಾ ಎಂದು ಕೇಳುವವಳು ಹೆತ್ತ ತಾಯಿಯನ್ನು ಮಾತ್ರ ಒಮ್ಮೆಯೂ ಕೇಳಿಲ್ಲ, ಕೇಳಿದ್ದರೆ ತಾನೇ ನಾಲ್ಕು ಬಿಗಿಯುತ್ತಿದ್ದಳು, ಅದು ಬೇರೆ ಮಾತು. ಇವತ್ತು ತನ್ನ ಕೊನೆಯ ಕೂರುವಿಕೆ ಎಂದು ತಾನೇ ಸಾರಿ ಆಗಿದೆ. ಕುರ್ಚಿ ರಕ್ತಕ್ಕೆ ಹೋಗುವುದಿಲ್ಲ, ಕಣ್ಣಿಗೆ ಹೋಗುತ್ತದೆ, ಕೂತವಳಿಗಿಂತ ಮೊದಲು ಹೋಯಿತು ಅಂದು, ಅದು ದಿಟವೆಂದು ಕೂತವಳೇ ಒಪ್ಪಿದರೆ, ಕುರ್ಚಿ ಅಂದವರದು, ಯಾರೂ ಅನ್ನದಿದ್ದರೆ ಹಿರಿತನದ ಲೆಕ್ಕದಲ್ಲಿ ಮುಂದಿನ ಬೆಂಚಿನ ಹೊಲಿಗೆಯವನದು. ಹೊಲಿಗೆಯವನದಂತೆ! ಹಿಂದೊಮ್ಮೆ ಇನ್ನೂ ಹಕ್ಕಿಗಳು ಗೂಡಿಗೆ ಮರಳುವ ಮೊದಲೇ ಹೋಯ್ತು ಹೋಯ್ತು ಎಂದು ಎದ್ದು ನಿಂತಿದ್ದ, ಆತುರಗಾರನಿಗೆ ಬುದ್ಧಿ ಮಟ್ಟ, ಕೂತ್ಕೊಳ್ಳಪ್ಪ, ಸೂರ್ಯ ನಿನ್ನ ಗಿರಾಕಿ ಅಲ್ಲ ಅಂದಿದ್ದಳು, ಕೋಣೆಯೆಲ್ಲ ನಕ್ಕಿತ್ತು. ಮಗಳ ಕಣ್ಣು ಚಿನ್ನದಂಥದ್ದು, ಅದು ಗೊತ್ತು, ಆದರೆ ಬಾಯಿ? ದೊಡ್ಡವರು ಮಾತಾಡುವ ಮೊದಲು ಬಾಯಿ ತೆಗೀಬೇಡ ಎಂದು ಬೈದು ಬೈದು ಬೆಳೆಸಿದ್ದು ಯಾರು, ತಾನೇ, ಈಗ ಆ ಬಾಯಿ ತೆರೆಯಲಿ ಎಂದು ಕಾಯುತ್ತಿರುವವಳೂ ತಾನೇ, ಮಾಡಿದ್ದುಣ್ಣೋ ಮಹರಾಯ. ಮರ್ಯಾದೆಗೆಂದು ನೀನು ಸುಮ್ಮನಿದ್ದರೆ ನೋಡು, ಮನೆಗೆ ಹೋದ ಮೇಲೆ ಮಾತೇ ಆಡುವುದಿಲ್ಲ — ಆ ಮೊದಲ ಫ್ರಾಕಿಗೆ ಎರಡು ಜೇಬು ಇಡಿಸಿದ್ದಳು, ಜೇಬಿನ ತುಂಬ ಬೆಣಚುಕಲ್ಲು, ಮಗಳು ಮೆಟ್ಟಿಲ ಮೇಲಿಂದ ಧುಮುಕುವಾಗ ಕಲ್ಲೆಲ್ಲ ಗಲಗಲ, ಬಿಸಿಲಲ್ಲಿ ಕೆಂಪು ಅಂಚು ಹಾರಿ, ಅಮ್ಮಾ ನೋಡಿಲ್ಲಿ.

ಇದೆ, ಇನ್ನೂ ಇದೆ, ಇವತ್ತಿನ ಬೆಳಕು ಗಟ್ಟಿ, ಕಿಟಕಿಯಾಚೆ ಯಾರೋ ಸೈಕಲ್ಲಿನ ಗಂಟೆ ಬಾರಿಸಿದರು, ಬೆಂಚುಗಳು ಮಸುಕು, ಮುಖಗಳು ಮಸುಕು, ಕೆಂಪು ಮಾತ್ರ ಕೆಂಡದ ಹಾಗೆ, ಎಂಥ ಕಣ್ಣು ಕೊಟ್ಟು ಹೋದೆ ಅಪ್ಪ, ಉಳಿದವರಿಗೆಲ್ಲ ಮಬ್ಬು ಕವಿದಿರುವಾಗ — ಹೋಯ್ತಮ್ಮ. ಯಾರು? ಮಗಳು. ಏನು ಹೋಯಿತು, ಕಣ್ಣಿಗೆ ಹೊಡೆಯುವ ಹಾಗಿದೆಯಲ್ಲ, ಇವಳೂ ಹೊಲಿಗೆಯವನ ಜಾತಿಗೇ ಸೇರಿದಳೇ, ನನ್ನ ಹೊಟ್ಟೆಯಲ್ಲಿ ಹುಟ್ಟಿ, ಕುರ್ಚಿಯ ಕೈ ಹಿಡಿದು ಏಳಬೇಕು ಅಂದುಕೊಂಡಳು, ಬೈಯಬೇಕು, ನಾಲಿಗೆಯ ತುದಿಗೆ ಬಂದಿತ್ತು. ಹೋಗಿ ಸುಮಾರು ಹೊತ್ತಾಯ್ತಮ್ಮ, ನೀನು ಹೇಳ್ತೀಯೇನೋ ಅಂತ ಕಾದೆ, ಸುಮ್ಮನಿದ್ರೆ ಸುಳ್ಳಾಗುತ್ತೆ ಅನ್ನಿಸ್ತು, ಅದಕ್ಕೇ ಹೇಳಿದೆ. ಎಲ್ಲರೂ ಕಾಯುತ್ತಿರುವುದು ತನಗಾಗಿ, ತಾನು ಒಪ್ಪಬೇಕು, ಅಥವಾ ಇಲ್ಲವೆನ್ನಬೇಕು, ಇಲ್ಲ ಅಂದರೆ ಎದುರಾಡುವ ಎದೆ ಇಲ್ಲಿ ಯಾರಿಗಿದೆ — ಮಗಳಿಗಿತ್ತು, ಎಲ್ಲರೆದುರು, ತಾಯಿಗೆ, ಈ ಕಣ್ಣಿಗೆ, ಯಾರೂ ಆಡದ ಮಾತನ್ನು ಆಡಿದಳು, ಬಂದದ್ದು ಕೋಪವೇ ಇರಬೇಕು ಅಂದುಕೊಂಡರೆ ಕೋಪವಲ್ಲ, ಹಿಗ್ಗು, ಕೇಳಿದಿರೇನ್ರೋ, ನನ್ನ ಮಗಳು, ನನಗೇ ಹೇಳಿದಳು. ಅನುಮಾನ ಬಂತಾ, ಕಣ್ಣು ಮುಚ್ಚು. ಮುಚ್ಚಿದಳು. ಮುಚ್ಚಿ, ದಿಟ, ಅಂದಳು, ಎಲ್ಲರಿಗೂ ಕೇಳುವಂತೆ, ಕುರ್ಚಿ ಹತ್ತು ಮಗಳೇ ಎಂದು ಎದ್ದು ನಿಂತಳು, ಯಾರೋ ಮೊಣಕೈ ಹಿಡಿದರು, ರೆಪ್ಪೆ ತೆರೆಯಲಿಲ್ಲ, ತೆರೆಯುವ ಅಗತ್ಯವೇನು, ಮುಚ್ಚಿದ್ರೂ ಅಲ್ಲೇ ಇದೆ, ಒಂದಿಷ್ಟೂ ಮಾಸದೆ, ಜೇಬಿನಲ್ಲಿ ಕಲ್ಲು ಗಲಗಲ, ಬಿಸಿಲು, ಅಮ್ಮಾ ನೋಡಿಲ್ಲಿ, ಕೆಂಪು, ಅಂಚು ಹಾರುತ್ತ, ಕೆಂಪು