ಹುಲ್ಲಿನ ಹೆಣ

"ಚಪ್ಪಲಿ ಕೈಯಾಗೆ ಹಿಡ್ಕೊಳ್ಳೇ, ಮುಂಡೆ! ಸಿನಿಮಾದಾಗೆ ಮೋರೆ ತೋರಿಸ್ಬುಟ್ರೆ ಕಾಲೇನು ಚಿನ್ನದವಾಗೋದ್ವಾ?"

ಊರಿನ ಜಮೀನ್ದಾರ, ಪಣ್ಣೆಯಾರ್ ವೀರಬಾಹು, ಜಗಲಿಯ ಮೇಲಿಂದಲೇ ಉಗಿದ. ಎಲೆಯಡಿಕೆಯ ಕೆಂಪು ಇರುಳಾಯಿಯ ಸೀರೆಯಂಚಿಗೆ ಸಿಡಿಯಿತು. ಅರವತ್ತು ದಾಟಿದ ಹೆಂಗಸು. ಮಧುರೆಯ ಬಸ್‌ಸ್ಟ್ಯಾಂಡಿನಲ್ಲಿ ಇಳಿದರೆ ಜನ ಮುತ್ತಿಕೊಂಡು, "ಅತ್ತೆ, ಒಂದು ಹಾಡು ಹೇಳತ್ತೆ" ಅನ್ನುತ್ತಿದ್ದರು. ಹುಟ್ಟಿದೂರು ಕರುವೇಲಂಪಟ್ಟಿಯಲ್ಲಿ ಮಾತ್ರ ಅವಳು ಬಗ್ಗಿ ಚಪ್ಪಲಿ ಬಿಚ್ಚಿ ಕಂಕುಳಲ್ಲಿ ಇಟ್ಟುಕೊಂಡಳು.

ಸಿನಿಮಾದ ಡೈರೆಕ್ಟರು ಕದಿರವನ್, ಪಟ್ಟಣದ ಹುಡುಗ, ಪ್ಲಾಸ್ಟಿಕ್ ಕುರ್ಚಿ ಎತ್ತಿಕೊಂಡು ಓಡಿಬಂದ. "ಆತ್ತಾ, ಕೂತ್ಕೊಳಿ, ಬಿಸಿಲು," ಎಂದ, ತಾಯಿಯನ್ನು ಕರೆಯುವಂತೆ.

"ಹಾಕಪ್ಪಾ, ಹಾಕು," ಎಂದ ವೀರಬಾಹು ನಗುತ್ತ. "ಅವಳೆದ್ದ ಮ್ಯಾಲೆ ಆ ಕುರ್ಚಿ ಸುಡೋನು ಯಾರು? ನೀನಾ, ನಿಮ್ಮಪ್ಪನಾ?"

ಜಗಲಿಯ ಮೇಲಿದ್ದ ಅವನ ಆಳುಗಳು ನಕ್ಕರು. ಕ್ಯಾಮೆರಾ ಹೊರುವವರಲ್ಲೂ ಇಬ್ಬರು ನಕ್ಕರು. ಮನೆ ಅವನದು, ಶೂಟಿಂಗು ನಿಂತೀತೆಂದು ಭಯ. ಇರುಳಾಯಿ ನೆಲದಲ್ಲೇ ಕೂತಳು.

ಈ ಮನೆಯ ಗದ್ದೆಗಳಲ್ಲೇ ಅವಳ ಗಂಟಲು ಪಳಗಿದ್ದು. ಕೆಸರಿನಲ್ಲಿ ಸಾಲು ಹಿಡಿದು ನಾಟಿ ಮಾಡುವಾಗ ಅವಳು ಒಂದು ಸೊಲ್ಲು ಎತ್ತಿದರೆ ನಲವತ್ತು ಹೆಂಗಸರು ಎತ್ತಿಕೊಳ್ಳುತ್ತಿದ್ದರು. ಯಾರೋ ಮೇಷ್ಟರು ಕರೆದುಕೊಂಡು ಹೋಗಿ ರೇಡಿಯೋದಲ್ಲಿ ಹಾಡಿಸಿದರು. ಅಲ್ಲಿಂದ ಸಿನಿಮಾ. ಇಡ್ಲಿ ಮಾರುವ ಮುದುಕಿ, ಮಣ್ಣು ತೂರಿ ಶಾಪ ಹಾಕುವ ಮುದುಕಿ, ಬೀದಿಯಲ್ಲಿ ಜಗಳ ತೆಗೆಯುವ ಮುದುಕಿ. ಆದರೆ ಎಲ್ಲರಿಗೂ ಬೇಕಾದದ್ದು ಅವಳ ಒಪ್ಪಾರಿ. ಸತ್ತವರ ಮುಂದೆ ಎದೆ ಬಡಿದುಕೊಂಡು ಹಾಡುವ ಅಳುವಿನ ಹಾಡು. ತೆರೆಯ ಮೇಲೆ ಅವಳು ಬಾಯಿ ತೆರೆದರೆ ಟಾಕೀಸಿನಲ್ಲಿ ಗಂಡಸರು ಮೂಗು ಸೀಟುತ್ತಿದ್ದರು.

ಒಂದೇ ಒಂದು ಕರಾರು ಅವಳದು. ಬದುಕಿರುವವರ ಮೇಲೆ ಒಪ್ಪಾರಿ ಹಾಡುವುದಿಲ್ಲ. ಹೆಸರು ಹಿಡಿದು ಒಪ್ಪಾರಿ ಕರೆದರೆ ಸಾವು ತಿರುಗಿ ನೋಡುತ್ತದೆ. ಕರೆದ ಮೇಲೆ ಚಟ್ಟ ಎತ್ತುವವರೆಗೂ ನಿಲ್ಲಿಸುವಂತಿಲ್ಲ. ನಿಲ್ಲಿಸಿದರೆ ಕರೆದು ತಂದ ಸಾವು ನಿಲ್ಲಿಸಿದವರ ಮನೆಯಲ್ಲೇ ಬೀಡುಬಿಡುತ್ತದೆ. ಕೇರಿಯ ಮಗುವಿಗೂ ಗೊತ್ತಿದ್ದ ಮಾತು ಅದು. ಹಾಗಾಗಿ ಅವಳಿಗೆ ನಟನ ಬದಲು ಒಣಹುಲ್ಲಿನ ಹೆಣ ಕಟ್ಟಿ, ಬಿಳಿಬಟ್ಟೆ ಹೊದಿಸಿ ಮಲಗಿಸುತ್ತಿದ್ದರು. ನಟನ ಮುಖವನ್ನು ಆಮೇಲೆ ಬೇರೆ ತೆಗೆದುಕೊಳ್ಳುತ್ತಿದ್ದರು. ಹುಲ್ಲು ಕಂಡದ್ದೇ ಇರುಳಾಯಿಯ ಕಣ್ಣು ತುಂಬಿ ಹರಿಯುತ್ತಿದ್ದವು. "ಗ್ಲಿಸರಿನ್ನೇ ಬೇಡ ನೋಡ್ರಿ, ಎಂಥಾ ನಟನೆ!" ಎಂದು ಡೈರೆಕ್ಟರುಗಳು ಬೆರಗಾಗುತ್ತಿದ್ದರು.

ನಟನೆಯಂತೆ. ನಟನೆ!

ಮೂವತ್ತೊಂದು ವರ್ಷದ ಹಿಂದೆ ನಾಟಿಯ ದಿನ ಅವಳ ತಂಗಿ ಸಡಚ್ಚಿ ಹಾಡಿನಲ್ಲಿ ಒಡೆಯನನ್ನು ಕೆಣಕಿದಳು. ನಾಟಿಯಲ್ಲಿ ಒಡೆಯನನ್ನು ಛೇಡಿಸಿ ಹಾಡುವುದು ಹೆಂಗಸರ ಹಕ್ಕು. ಯಾವ ಒಡೆಯನಾದರೂ ನಕ್ಕು ಸುಮ್ಮನಾಗಬೇಕು. ಸಡಚ್ಚಿ ಹಾಡಿದ್ದು ವೀರಬಾಹು ಒಣಹುಲ್ಲು ತುಂಬಿಡುವ ತನ್ನ ಹುಲ್ಲಿನ ಮನೆಗೆ ಎಳೆದೊಯ್ದ ಒಂದು ಹುಡುಗಿಯ ಸಂಗತಿ. ಅವನು ನಗಲಿಲ್ಲ. ಮಾರನೆಯ ದಿನ ಸಡಚ್ಚಿ ಅದೇ ಹುಲ್ಲಿನ ಮನೆಯಲ್ಲಿ ಸಿಕ್ಕಿದಳು. ಹಾವು ಕಚ್ಚಿತು ಅಂದರು. ಹೆಣಕ್ಕೆ ನೀರು ಹೊಯ್ದವಳು ಇರುಳಾಯಿಯೇ. ಬಾಯಿ ತೆರೆಯುವಷ್ಟರಲ್ಲಿ ಕೇರಿಯ ಬಾಗಿಲಿಗೆ ದೊಣ್ಣೆ ಬಂತು: "ಒಪ್ಪಾರಿ ಗಿಪ್ಪಾರಿ ಅಂತ ಒಂದು ಸೊಲ್ಲು ಕೇಳಿಸ್ತೋ, ಕೇರಿಗೆ ಬೆಂಕಿ."

ಊರಿನ ಸಾವಿಗೆಲ್ಲ ಅತ್ತವಳು ಒಡಹುಟ್ಟಿದವಳನ್ನು ಮೂಕವಾಗಿ ಹೂತು ಬಂದಳು.

"ಹುಲ್ಲು ಕಟ್ಟಿಸಪ್ಪಾ, ತಂಬಿ," ಎಂದಳು ಈಗ ಕದಿರವನ್‌ಗೆ. "ಹೊತ್ತೇರ್ತಾ ಐತೆ."

ಹುಡುಗ ತಲೆ ಕೆರೆದುಕೊಂಡ. "ಆತ್ತಾ, ಈ ಸಲ ಹುಲ್ಲಿಲ್ಲ. ಅಯ್ಯಾನೇ ಮಲಗ್ತಾರಂತೆ. ಮನೆ ಕೊಟ್ಟಿದ್ದೇ ಆ ಷರತ್ತಿನ ಮೇಲೆ."

"ನಾನೇ ಕಣೇ," ಎಂದ ವೀರಬಾಹು. "ಜೋಯಿಸ ಹೇಳವ್ನೆ, ಈ ವರ್ಷ ಗಂಡಾಂತರ ಐತಂತೆ. ಬದುಕಿದ್ದಾಗ್ಲೇ ಚಟ್ಟದ ಮ್ಯಾಲೆ ಮಲಗಿ, ಅಳಿಸ್ಕೊಂಡು ಎದ್ಬುಟ್ರೆ ಯಮ ಮೋಸ ಹೋಯ್ತಾನೆ, ಇನ್ನಿಪ್ಪತ್ತು ವರ್ಷ ಅಲುಗಾಡ್ಸಂಗಿಲ್ಲ ಅಂತ. ಅದೂ ಒಪ್ಪಾರಿ ಬಲ್ಲೋಳ ಬಾಯಿಂದ್ಲೇ ಆಗ್ಬೇಕು. ಆದ್ರೆ ಒಂದು, ನನ್ನ ಹೆಸರು ನಿನ್ನ ನಾಲಿಗೆ ಮ್ಯಾಲೆ ಬರಕೂಡದು. ಸಿನಿಮಾದೋರು ಇಟ್ಟ ಹೆಸರು, ಅದೇನ್ಲಾ ಅದು, ರಾಜಮಾಣಿಕ್ಯಂ. ಅದನ್ನೇ ಹೇಳು. ತಪ್ಪಿದ್ಯೋ, ನಿನ್ನ ತಂಗೀಗೆ ಆದಂಗೇ ಆಯ್ತದೆ. ಹಾವುಗಳು ಇನ್ನೂ ಅವೆ ನಮ್ಮ ಹಟ್ಟೀಲಿ."

ಇರುಳಾಯಿ ಅವನ ಮುಖವನ್ನೇ ನೋಡಿದಳು. ಅಂಗಳದಾಚೆ, ಅಳುವ ಗುಂಪಿಗೆಂದು ಕರೆತಂದ ಕೇರಿಯ ಹದಿನೆಂಟು ಹೆಂಗಸರು ಕೂತಿದ್ದರು. ಅವರೂ ಕೇಳಿಸಿಕೊಂಡರು.

"ಆಗಲಿ ಸಾಮಿ," ಎಂದಳು. "ಮಲಗೋದಾದ್ರೆ ಶಾಸ್ತ್ರವಾಗಿ ಮಲಗ್ಬೇಕು. ಅರೆಬರೆ ಕಟ್ಟಿದ್ರೆ ಯಮ ಹೆಂಗೆ ಮೋಸ ಹೋದಾನು? ನಮ್ಮ ಕೂಳಯ್ಯನ್ ಕಟ್ಟಲಿ."

"ಕಟ್ಟಲಿ, ಕಟ್ಟಲಿ!" ಎಂದ ವೀರಬಾಹು ಹುರುಪಿನಿಂದ.

ಕೂಳಯ್ಯನ್ ಊರಿನ ಹೆಣಗಳನ್ನು ಸುಡುವವನು, ಇರುಳಾಯಿಯ ದೊಡ್ಡಪ್ಪನ ಮಗ. ಸಡಚ್ಚಿಯ ಗುಂಡಿ ತೋಡಿದವನೂ ಅವನೇ. ಹಸಿ ಬಿದಿರಿನ ಚಟ್ಟದ ಮೇಲೆ ವೀರಬಾಹು ಕಾಲು ಚಾಚಿ ಮಲಗಿದ. ಕೂಳಯ್ಯನ್ ಎರಡೂ ಕಾಲಿನ ಹೆಬ್ಬೆರಳು ಸೇರಿಸಿ ಕಟ್ಟಿದ. ಕೈಯ ಹೆಬ್ಬೆರಳುಗಳನ್ನು ಎದೆಯ ಮೇಲೆ ಸೇರಿಸಿ ಕಟ್ಟಿದ. ಗದ್ದದ ಕೆಳಗಿಂದ ನೆತ್ತಿಗೆ ಬಟ್ಟೆ ಎಳೆದು ಬಿಗಿದ. ಹಣೆಯ ಮೇಲೆ ಒಂದು ನಾಣ್ಯ ಒತ್ತಿದ. ಆಮೇಲೆ ಹಗ್ಗವನ್ನು ಎದೆಯ ಮೇಲಿಂದ ಹಾಯಿಸಿ ಬಿದಿರಿಗೆ ಸುತ್ತಿದ.

"ಬಿಗಿ ಆಯ್ತೇನ್ ಸಾಮಿ?"

ಗದ್ದ ಕಟ್ಟಿದ ಬಾಯಿಂದ "ಹ್ಞೂಂ" ಮಾತ್ರ ಬಂತು.

"ನಿನ್ನ ಗಂಟು ಬಿಚ್ಚೋಕಾಯ್ತದೇನಣ್ಣಾ?" ಎಂದು ಕ್ಯಾಮೆರಾದವನು ತಮಾಷೆಗೆ ಕೇಳಿದ.

"ನನ್ನ ಗಂಟು ಯಾರೂ ಬಿಚ್ಚಾಕಿಲ್ಲ," ಎಂದ ಕೂಳಯ್ಯನ್. "ಸುಡುಗಾಡಿನಾಗೆ ಕುಯ್ತೀನಿ."

ಕದಿರವನ್ ಕೈಯೆತ್ತಿದ. ಕ್ಯಾಮೆರಾ ಗರಗರ ಎಂದಿತು. ಹೆಂಗಸರು ಚಟ್ಟದ ಸುತ್ತ ಕೂತು, ಒಬ್ಬರ ಹೆಗಲ ಮೇಲೊಬ್ಬರು ಕೈ ಹಾಕಿದರು. ಇರುಳಾಯಿ ಕಂಕುಳ ಚಪ್ಪಲಿಯನ್ನು ಪಕ್ಕಕ್ಕಿಟ್ಟು ಮುಡಿ ಬಿಚ್ಚಿದಳು.

"ಆನೆ ಕಟ್ಟೋ ಅರಮನೆಗೆ ಕತ್ತಲೆ ಹೊಕ್ಕಿತಲ್ಲೋ
ಏಳು ಊರು ಆಳೋ ದೊರೆ ಅಂಗಳಕೆ ಬಿದ್ದನಲ್ಲೋ"

"ಬಿದ್ದನಲ್ಲೋ, ಬಿದ್ದನಲ್ಲೋ," ಎಂದರು ಹದಿನೆಂಟು ಹೆಂಗಸರು. ವೀರಬಾಹುವಿನ ಮೀಸೆಯ ಅಡಿಯಲ್ಲಿ ಸಣ್ಣ ನಗು ಇತ್ತು. ಇರುಳಾಯಿ ಅವನ ಕಿವಿಯ ಹತ್ತಿರಕ್ಕೆ ಬಗ್ಗಿದಳು.

"ನಾಟಿ ಹಾಡು ಹೇಳಿದೋಳ ನಾಲಿಗೆ ಅಡಗಿಸಿದ್ಯಲ್ಲೋ
ಹುಲ್ಲಿನ ಮನೆ ಅಗುಳಿ ಹಾಕಿ ಹಾವು ಅಂದ್ಯಲ್ಲೋ
ಹಾವಿಗೆ ಐದು ಬೆರಳಿದ್ದವಲ್ಲೋ, ವೀರಬಾಹೂ,
ನನ್ನ ಸಡಚ್ಚಿ ಕೊರಳ ಮ್ಯಾಲೆ ಐದೂ ಬೆರಳು ಇದ್ದವಲ್ಲೋ!"

ಹೆಂಗಸರ ಎದೆಯ ಮೇಲೆ ಕೈಗಳು ಬಿದ್ದವು.

"ಐದೂ ಬೆರಳು, ವೀರಬಾಹೂ! ಐದೂ ಬೆರಳು!"

ಹೆಣದ ಕಣ್ಣು ತೆರೆದವು. ಹಣೆಯ ನಾಣ್ಯ ಜಾರಿ ಕಲ್ಲಿನ ಮೇಲೆ ಉರುಳಿತು.

"ಕಟ್! ಕಟ್!" ಎಂದು ಕದಿರವನ್ ಕೂಗಿದ. "ಆತ್ತಾ, ಹೆಸರು ತಪ್ಪಾಯ್ತು! ರಾಜಮಾಣಿಕ್ಯಂ!"

ಕ್ಯಾಮೆರಾ ನಿಂತಿತು. ಹಾಡು ನಿಲ್ಲಲಿಲ್ಲ. ಇರುಳಾಯಿ ಹುಲ್ಲಿನ ಮನೆಯ ಹುಡುಗಿಯ ಹೆಸರು ಹೇಳಿದಳು. ಅವಳ ಹಿಂದಿನವಳ ಹೆಸರು ಹೇಳಿದಳು. ಪ್ರತಿ ಹೆಸರಿಗೂ ಗುಂಪಿನಿಂದ ಒಂದು ಗಂಟಲು ಹರಿದು ಮೇಲೆದ್ದಿತು. ಯಾರದೋ ತಾಯಿ, ಯಾರದೋ ಅಕ್ಕ. ವೀರಬಾಹು ಹೊರಳಾಡಿದ. ಗದ್ದದ ಬಟ್ಟೆಯೊಳಗಿಂದ "ಮ್ಮ್, ಮ್ಮ್" ಎಂದ. ಎಳೆದಷ್ಟೂ ಗಂಟು ಬಿಗಿಯಿತು.

"ಬಿಚ್ರೋ, ನೋಡ್ತಾ ನಿಂತವ್ರೆ!" ಎಂದು ಒಬ್ಬ ಆಳು ದೊಣ್ಣೆ ಎತ್ತಿ ಮುಂದೆ ಬಂದ. ಇನ್ನೊಬ್ಬ ಅವನ ತೋಳು ಹಿಡಿದ. "ಮುಟ್ಟಬ್ಯಾಡ ಕಣ್ಲಾ. ಹೆಸರು ಕರೆದಾಗೈತೆ. ಈಗ ನಿಲ್ಲಿಸಿದೋನ ಮನೆ ಹಾಳು." ದೊಣ್ಣೆ ಮೆಲ್ಲಗೆ ಕೆಳಗಿಳಿಯಿತು. ಒಳಬಾಗಿಲಲ್ಲಿ ಪಣ್ಣೆಯಾರನ ಹೆಂಡತಿ ನಿಂತಿದ್ದಳು. ಗಂಡ ಅವಳ ಕಡೆ ಕಣ್ಣು ಹೊರಳಿಸಿದ. ಅವಳು ಕೊರಳ ತಾಳಿಯನ್ನೊಮ್ಮೆ ಮುಟ್ಟಿ ನೋಡಿಕೊಂಡಳು. ಹೊಸ್ತಿಲು ದಾಟಲಿಲ್ಲ.

"ಆತ್ತಾ, ಸಾಕು, ಕೈ ಮುಗೀತೀನಿ," ಎಂದು ಕದಿರವನ್ ಅಳುವ ದನಿಯಲ್ಲಿ ಅಂದ. "ಯಾವಾಗ ನಿಲ್ಲಿಸ್ತೀರಿ?"

ಉತ್ತರ ಹೇಳಿದವನು ಕೂಳಯ್ಯನ್. "ಚಟ್ಟ ಎತ್ತಿದ ಮ್ಯಾಲೆ, ತಂಬಿ."

ಅವನು ತಲೆಗೆ ಟವಲು ಸುತ್ತಿ, ಮೊಣಕಾಲೂರಿ ಚಟ್ಟದ ಒಂದು ತುದಿ ಹಿಡಿದ. ಉಳಿದ ಮೂರು ತುದಿಗಳತ್ತ ನೋಡಿದ. ಗಂಡಸರೆಲ್ಲ ನೆಲ ನೋಡುತ್ತಿದ್ದರು.

ಹೆಣ ಹೊರುವುದು ಹೆಂಗಸರ ಕೆಲಸವಲ್ಲ. ಇರುಳಾಯಿ ಹಾಡುತ್ತಲೇ ಎದ್ದು, ಪಕ್ಕದಲ್ಲಿದ್ದ ಚಪ್ಪಲಿಯನ್ನು ಅಂಗಳದ ನಡುವೆ ಹಾಕಿ ಮೆಟ್ಟಿಕೊಂಡಳು. ಹೋಗಿ ಎರಡನೆಯ ತುದಿ ಹಿಡಿದಳು.

ಹಿಂದಿನಿಂದ ಮತ್ತಿಬ್ಬರು ಹೆಂಗಸರು ಏಳುತ್ತಿದ್ದರು.